‘ಸೊನ್ನೆ ಕೇಸು’ ಅಂದರೆ ಶಾಂತಿ ಅಂತ ಯಾರು ಹೇಳಿದ್ದು?



ಉದ್ದದ ಪೋಸ್ಟು. ಪುರುಸೊತ್ತು ಮಾಡಿಕೊಂಡು ಓದಿ. ಅದರಲ್ಲೂ ಜಿಲ್ಲಾ ಜಾಗೃತಿ ಮತ್ತು ಉಸ್ತುವಾರಿ ಸಮಿತಿಗಳಲ್ಲಿ ಕೂರುವವರು ಓದಲೇಬೇಕು.

ಈಗ ಡಿಸಿ, ಎಸ್‌ಪಿಗಳ ಮುಂದೆ ಫೈಲಿಗಿಂತ ಪರದೆ ಜಾಸ್ತಿ. ಯಾವ ತಾಲ್ಲೂಕು ಕೆಂಪು, ಯಾವುದು ಹಳದಿ, ಯಾವುದು ಹಸಿರು ಅಂತ ಡ್ಯಾಶ್‌ಬೋರ್ಡ್ ತೋರಿಸುತ್ತೆ. ಅಧಿಕಾರಿ ಅದನ್ನ ನೋಡಿ ನಿರ್ಧಾರ ಮಾಡ್ತಾರೆ. ಇದಕ್ಕೆ ‘ಡಿಸಿಷನ್ ಸಪೋರ್ಟ್ ಸಿಸ್ಟಂ’ ಅಂತ ಹೆಸರು, ಅಂದರೆ ನಿರ್ಧಾರಕ್ಕೆ ನೆರವು ಕೊಡುವ ವ್ಯವಸ್ಥೆ. ಯಂತ್ರ ಬರೀ ಸಲಹೆ ಕೊಡುತ್ತೆ, ತೀರ್ಮಾನ ಮನುಷ್ಯನದ್ದೇ ಅಂತಾರೆ. ಕೇಳೋಕೆ ಚೆನ್ನಾಗಿದೆ. ಆದರೆ ಪರದೆಯಲ್ಲಿ ಕಾಣದ್ದು ಆ ಮನುಷ್ಯನ ತಲೆಗೂ ಬರೋದಿಲ್ಲ. ತಕರಾರು ಇರೋದು ಅಲ್ಲೇ.

ನಾನು ಕೂತಿದ್ದ ಒಂದು ಸಮಿತಿ ಸಭೆಯಲ್ಲಿ ಒಂದು ತಾಲ್ಲೂಕನ್ನ ಹಸಿರಲ್ಲಿ ತೋರಿಸಿದರು. ದೌರ್ಜನ್ಯ ತಡೆ ಕಾಯ್ದೆಯಡಿ ಆ ತ್ರೈಮಾಸಿಕದಲ್ಲಿ ಒಂದೂ ಕೇಸಿಲ್ಲ. ‘ಇಲ್ಲಿ ಪರಿಸ್ಥಿತಿ ಶಾಂತವಾಗಿದೆ ಸಾರ್’ ಅಂತ ಅಧಿಕಾರಿ ಹೇಳಿ ಮುಂದಿನ ಸ್ಲೈಡಿಗೆ ಹೋದರು. ಆ ತಾಲ್ಲೂಕಿನ ಕೇರಿಗಳನ್ನ ನಾನು ಬಲ್ಲೆ. ನಮ್ಮೋರಿಗೆ ಕ್ಷೌರ ಮಾಡದ ಅಂಗಡಿ ಅಲ್ಲಿದೆ. ದೇವಸ್ಥಾನದ ಮೆಟ್ಟಿಲು ಹತ್ತೋಕೆ ಇವತ್ತಿಗೂ ಹಿಂದೆ ಮುಂದೆ ನೋಡುವ ಜನ ಇದ್ದಾರೆ. ಅಲ್ಲಿ ಕೇಸು ಯಾಕಿಲ್ಲ ಗೊತ್ತಾ? ಕೇಸು ಹಾಕಿದೋನು ನಾಳೆ ಕೂಲಿಗೆ ಹೋಗಬೇಕಾದ್ದು ಅದೇ ಗೌಡರ ತೋಟಕ್ಕೆ.

ಇದನ್ನ ಒಬ್ಬ ಅಧಿಕಾರಿಯ ಕೆಟ್ಟತನ ಅಂತ ಬೈದು ಮುಗಿಸಬಹುದು. ನಾವು ಎಷ್ಟೋ ಸಲ ಅದನ್ನೇ ಮಾಡ್ತೀವಿ. ಆದರೆ ಆ ಕುರ್ಚಿಗೆ ನಮ್ಮವರೇ ಬಂದು ಕೂತರೂ, ಅದೇ ಪರದೆ ನೋಡಿದರೆ ಅದೇ ನಿರ್ಧಾರ ಮಾಡ್ತಾರೆ. ಅದಕ್ಕೇ ವ್ಯಕ್ತಿ ಬಿಟ್ಟು ವ್ಯವಸ್ಥೆಯನ್ನ ನೋಡಿ ಅಂತ ನಾನು ಹೇಳೋದು.

‘ಸಿಸ್ಟಮ್ಸ್ ಥಿಯರಿ’ ಅಂತ ಒಂದು ಶಾಸ್ತ್ರ ಇದೆ. ಬರ್ಟಲಾನ್ಫಿ, ನಾರ್ಬರ್ಟ್ ವೀನರ್, ರಾಸ್ ಆಶ್ಬಿ, ಸ್ಟಾಫರ್ಡ್ ಬಿಯರ್, ಡೊನೆಲಾ ಮೆಡೋಸ್ ಮುಂತಾದವರು ಕಟ್ಟಿದ್ದು. ಅದರ ತಿರುಳು ಸರಳ. ಬಿಡಿ ಬಿಡಿ ಭಾಗ ನೋಡಿದರೆ ವ್ಯವಸ್ಥೆ ಅರ್ಥ ಆಗಲ್ಲ, ಭಾಗಗಳ ನಡುವಿನ ಸಂಬಂಧ ನೋಡಬೇಕು. ಇವತ್ತಿನ ಫಲಿತಾಂಶ ತಿರುಗಿ ಬಂದು ನಾಳೆಯ ಕಾರಣ ಆಗುತ್ತೆ, ಇದಕ್ಕೆ ಫೀಡ್‌ಬ್ಯಾಕ್ ಅಂತಾರೆ. ಬಿಯರ್ ಹೇಳಿದ ಇನ್ನೊಂದು ಮಾತಿದೆ: ವ್ಯವಸ್ಥೆಯ ಉದ್ದೇಶ ಏನು ಅಂತ ಅದರ ಬೋರ್ಡ್ ನೋಡಿ ಹೇಳಬೇಡಿ, ಅದು ದಿನಾ ಏನು ಮಾಡುತ್ತೆ ಅನ್ನೋದನ್ನ ನೋಡಿ ಹೇಳಿ.

ಇದು ನಮಗೆ ಹೊಸದಾ? ಬಾಬಾಸಾಹೇಬರು 1916ರಲ್ಲೇ ಕೊಲಂಬಿಯಾದಲ್ಲಿ ಮಂಡಿಸಿದ ಪ್ರಬಂಧದಲ್ಲಿ, ಜಾತಿಯನ್ನ ಒಂಟಿಯಾಗಿ ನೋಡಿದರೆ ಅರ್ಥವಾಗದು, ಜಾತಿಗಳು ಇರೋದೇ ಒಂದಕ್ಕೊಂದು ಸಂಬಂಧದಲ್ಲಿ ಅಂತ ತೋರಿಸಿಕೊಟ್ಟರು. ಶ್ರೇಣೀಕೃತ ಅಸಮಾನತೆ ಅನ್ನೋದು ಯಾರೋ ನಾಲ್ಕು ಕೆಟ್ಟ ಮನುಷ್ಯರ ಕಥೆ ಅಲ್ಲ, ತನ್ನನ್ನ ತಾನೇ ಉಳಿಸಿಕೊಳ್ಳುವ ಒಂದು ವ್ಯವಸ್ಥೆಯ ಕಥೆ.

ಈಗ ಆ ಹಸಿರು ತಾಲ್ಲೂಕಿಗೆ ಬನ್ನಿ. 1995ರ ದೌರ್ಜನ್ಯ ತಡೆ ನಿಯಮಗಳ 3ನೇ ನಿಯಮದ ಪ್ರಕಾರ ಸರ್ಕಾರ ದೌರ್ಜನ್ಯ ನಡೆಯಬಹುದಾದ ಪ್ರದೇಶಗಳನ್ನ ಮೊದಲೇ ಗುರುತಿಸಬೇಕು. ಅಲ್ಲಿ ಮುನ್ನೆಚ್ಚರಿಕೆ, ಆಯುಧ ಪರವಾನಗಿ ರದ್ದು, ಜಾಗೃತಿ ಕೇಂದ್ರ ಎಲ್ಲ ಆಗಬೇಕು. ಯಾವ ಆಧಾರದ ಮೇಲೆ ಗುರುತಿಸ್ತಾರೆ? ಕೈಗೆ ಸುಲಭಕ್ಕೆ ಸಿಗೋದು ದಾಖಲಾದ ಎಫ್‌ಐಆರ್ ಸಂಖ್ಯೆ. ದೂರು ಕೊಡುವ ಧೈರ್ಯ, ಸಂಘಟನೆ ಇರುವ ಊರು ಕೆಂಪಾಗುತ್ತೆ. ಬಾಯಿ ಬಿಡಲಾಗದ ಊರು ಹಸಿರಾಗುತ್ತೆ. ಹಸಿರು ಅಂದಮೇಲೆ ಗಸ್ತು ಇಲ್ಲ, ಸಭೆ ಇಲ್ಲ, ಅಧಿಕಾರಿ ಭೇಟಿ ಇಲ್ಲ. ಭಯ ಇನ್ನೂ ಹೆಚ್ಚುತ್ತೆ. ಮುಂದಿನ ತ್ರೈಮಾಸಿಕವೂ ಸೊನ್ನೆ. ಸುತ್ತು ಪೂರ್ತಿ ಆಯ್ತು.

ಎರಡನೇ ಸುತ್ತು ಇನ್ನೂ ಕ್ರೂರ. ಕೇಸು ಹಾಕಿದ ತಕ್ಷಣ ಒಂದು ಪ್ರತಿದೂರು ಬೀಳುತ್ತೆ. ಆಮೇಲೆ ಊರ ಹಿರಿಯರ ರಾಜಿ ಪಂಚಾಯ್ತಿ. ವಿಚಾರಣೆ ವರ್ಷಗಟ್ಟಲೆ. ಸಾಕ್ಷಿ ತಿರುಗಿಬೀಳ್ತಾನೆ. ಖುಲಾಸೆ. ಪಟ್ಟಿಯಲ್ಲಿ ಆ ಖುಲಾಸೆ ‘ದುರ್ಬಳಕೆ’ ಅಂತ ಓದಿಸಿಕೊಳ್ಳುತ್ತೆ. ಮುಂದಿನ ಸಲ ದೂರು ತಂದವನನ್ನ ಠಾಣೆಯಲ್ಲಿ ಅನುಮಾನದಿಂದ ನೋಡ್ತಾರೆ.

ಇದು ಊಹೆ ಅಲ್ಲ. 2018ರ ಮಾರ್ಚ್ 20ರಂದು ಸುಭಾಷ್ ಕಾಶೀನಾಥ್ ಮಹಾಜನ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಈ ಕಾಯ್ದೆಯ ಹಲ್ಲು ಕಿತ್ತಿತು. ಆ ತೀರ್ಪಿನಲ್ಲಿ ಅಂಕಿಅಂಶ ಬಂತು: 2015ರಲ್ಲಿ ನ್ಯಾಯಾಲಯಗಳು ತೀರ್ಮಾನಿಸಿದ 15,638 ಪ್ರಕರಣಗಳಲ್ಲಿ 11,024 ಖುಲಾಸೆ ಅಥವಾ ಬಿಡುಗಡೆ, 495 ಹಿಂಪಡೆದದ್ದು, 4,119ರಲ್ಲಿ ಮಾತ್ರ ಶಿಕ್ಷೆ. ಸಂಖ್ಯೆ ಸುಳ್ಳಲ್ಲ. ಆದರೆ ಅದು ಯಾವುದರ ಅಳತೆ? ದೂರುದಾರರ ಸುಳ್ಳಿನ ಅಳತೆಯಾ, ತನಿಖೆ ಮತ್ತು ಪ್ರಾಸಿಕ್ಯೂಷನ್ನಿನ ಸೋಲಿನ ಅಳತೆಯಾ? ಏಪ್ರಿಲ್ 2ರಂದು ದೇಶದ ಬೀದಿಗಳಲ್ಲಿ ನಮ್ಮ ಜನ ಕೇಳಿದ್ದು ಇದನ್ನೇ. ಆಮೇಲೆ ಸಂಸತ್ತು 18ಎ ಸೇರಿಸಿತು. 2019ರ ಅಕ್ಟೋಬರ್ 1ರಂದು ಸುಪ್ರೀಂ ಕೋರ್ಟ್ ತನ್ನ ನಿರ್ದೇಶನಗಳನ್ನ ತಾನೇ ಹಿಂಪಡೆಯಿತು. ಬೀದಿಗೆ ಇಳಿಯದಿದ್ದರೆ ಆ ಫೀಡ್‌ಬ್ಯಾಕ್ ಕೋರ್ಟಿಗೆ ಮುಟ್ಟುತ್ತಿತ್ತಾ?

ಕಂಬಾಲಪಲ್ಲಿಯನ್ನ ನೆನಪಿಸಿಕೊಳ್ಳಿ. 2000ದ ಮಾರ್ಚ್ 11. ಏಳು ಜನ ದಲಿತರನ್ನ ಸುಟ್ಟು ಕೊಂದರು. 2006ರಲ್ಲಿ ಆರೋಪಿಗಳೆಲ್ಲ ಖುಲಾಸೆ, 2014ರಲ್ಲಿ ಹೈಕೋರ್ಟಿನಲ್ಲೂ ಅದೇ. ಅಂಕಿಅಂಶದ ಪಟ್ಟಿಯಲ್ಲಿ ಅದೂ ‘ಖುಲಾಸೆ’ ಕಾಲಂನ ಒಂದು ಗೆರೆ. ಖುಲಾಸೆ ಅಂದರೆ ಸುಳ್ಳು ಕೇಸು ಅನ್ನೋದಾದರೆ, ಆ ಏಳು ಹೆಣಗಳೂ ಸುಳ್ಳಾ?

‘ನಮ್ಮ ಸಾಫ್ಟ್‌ವೇರ್‌ನಲ್ಲಿ ಜಾತಿಯ ಕಾಲಮ್ಮೇ ಇಲ್ಲ, ಅದಕ್ಕೆ ಜಾತಿ ಗೊತ್ತಿಲ್ಲ’ ಅಂತ ಬುದ್ಧಿವಂತರು ಹೇಳ್ತಾರೆ. ಅವರಿಗೆ ಅಮೆರಿಕದ ಒಂದು ಉದಾಹರಣೆ ಕೊಡಿ. ಅಲ್ಲಿನ ಆಸ್ಪತ್ರೆಗಳಲ್ಲಿ ಯಾವ ರೋಗಿಗೆ ಹೆಚ್ಚಿನ ಆರೈಕೆ ಬೇಕು ಅಂತ ವೈದ್ಯರಿಗೆ ಹೇಳುವ ಒಂದು ಅಲ್ಗಾರಿದಂ ಇತ್ತು. ಅದರಲ್ಲಿ ಜನಾಂಗದ ಕಾಲಂ ಇರಲಿಲ್ಲ. ಆದರೆ ಕಾಯಿಲೆಯ ಬದಲು ಅದು ಅಳೆದದ್ದು ಚಿಕಿತ್ಸೆಗೆ ಆದ ಖರ್ಚನ್ನ. ಕರಿಯರ ಚಿಕಿತ್ಸೆಗೆ ಮೊದಲಿನಿಂದಲೂ ಕಡಿಮೆ ಖರ್ಚಾಗಿತ್ತು, ಹಾಗಾಗಿ ಯಂತ್ರಕ್ಕೆ ಅವರು ಆರೋಗ್ಯವಂತರಾಗಿ ಕಂಡರು. 2019ರಲ್ಲಿ ‘ಸೈನ್ಸ್’ ಪತ್ರಿಕೆಯಲ್ಲಿ ಓಬರ್‌ಮೇಯರ್ ಮತ್ತು ಸಂಗಡಿಗರು ಇದನ್ನ ಬಯಲಿಗೆಳೆದರು. ಆ ಪಕ್ಷಪಾತ ತೆಗೆದರೆ ಹೆಚ್ಚಿನ ನೆರವು ಪಡೆಯುವ ಕರಿಯ ರೋಗಿಗಳ ಪಾಲು ಶೇ. 17.7ರಿಂದ ಶೇ. 46.5ಕ್ಕೆ ಏರುತ್ತಿತ್ತು. ಅಲ್ಲಿ ಕಾಯಿಲೆ ಬದಲು ಖರ್ಚು, ಇಲ್ಲಿ ದೌರ್ಜನ್ಯದ ಬದಲು ಎಫ್‌ಐಆರ್. ಇದೇ ಕಾಲಮ್ಮುಗಳ ಮೇಲೆ ನಾಳೆ ‘ಎಐ’ ಕೂರಿಸಿದರೆ ಹಳೇ ಮೌನವನ್ನೇ ಇನ್ನಷ್ಟು ವೇಗವಾಗಿ ಶಾಂತಿ ಅಂತ ಹೇಳುತ್ತೆ, ಅಷ್ಟೆ.

ಹಾಗಾದರೆ ದತ್ತಾಂಶವೇ ಬೇಡವಾ? ಬೇಕು ಕಣ್ರಪ್ಪಾ, ನಮಗೇ ಹೆಚ್ಚು ಬೇಕು. ಒಳಮೀಸಲಾತಿಗಾಗಿ ದಶಕಗಟ್ಟಲೆ ಬೀದಿಯಲ್ಲಿ ನಿಂತು ಲೆಕ್ಕ ಕೊಡಿ ಅಂದವರು ನಾವು. 2024ರ ಆಗಸ್ಟ್ 1ರ ತೀರ್ಪು ಕೂಡ ಒಳವರ್ಗೀಕರಣಕ್ಕೆ ದತ್ತಾಂಶದ ಆಧಾರ ಬೇಕು ಅಂತಲೇ ಹೇಳಿದ್ದು. ಡ್ಯಾಶ್‌ಬೋರ್ಡ್ ಕಿತ್ತೆಸೆದು ಎಲ್ಲವನ್ನೂ ‘ಸಾಹೇಬರ ವಿವೇಚನೆ’ಗೆ ಬಿಟ್ಟರೆ ಏನಾಗುತ್ತೆ ಅಂತ ನಮ್ಮ ಅಜ್ಜಂದಿರನ್ನ ಕೇಳಬೇಕು. ಆ ವಿವೇಚನೆಯ ಒಳಗೇ ಜಾತಿ ಕೂತಿರುತ್ತೆ. ನಮ್ಮ ಜಗಳ ಲೆಕ್ಕದ ಜೊತೆ ಅಲ್ಲ. ಏನನ್ನ ಲೆಕ್ಕ ಹಾಕಬೇಕು ಅಂತ ತೀರ್ಮಾನಿಸೋರು ಯಾರು ಅನ್ನೋದೇ ನಮ್ಮ ಜಗಳ.

ಆಶ್ಬಿಯ ಒಂದು ನಿಯಮ ಇದೆ: ಸಮಸ್ಯೆಗೆ ಎಷ್ಟು ಮುಖಗಳಿವೆಯೋ, ಅದನ್ನ ಹಿಡಿಯೋಕೆ ಹೊರಟವನಿಗೂ ಅಷ್ಟು ಮುಖಗಳಿರಬೇಕು. ಜಾತಿಗೆ ಸಾವಿರ ಮುಖ. ಅದನ್ನ ಒಂದೇ ಕಾಲಂನಲ್ಲಿ ಹಿಡಿಯೋಕಾಗಲ್ಲ. ಅದಕ್ಕೇ ಮುಂದಿನ ಸಭೆಯಲ್ಲಿ ಇವನ್ನ ಕೇಳಿ, ಬರಹದಲ್ಲೇ ಕೇಳಿ:

1. ಘಟನೆ ನಡೆದ ದಿನಕ್ಕೂ ಎಫ್‌ಐಆರ್ ದಿನಕ್ಕೂ ನಡುವೆ ಎಷ್ಟು ದಿನ? ಠಾಣೆವಾರು ಕೊಡಿ.

2. ಎಷ್ಟು ಪ್ರಕರಣಗಳಲ್ಲಿ ಪ್ರತಿದೂರು ದಾಖಲಾಗಿದೆ? ಎಷ್ಟಕ್ಕೆ ಬಿ ರಿಪೋರ್ಟ್ ಹಾಕಿದ್ದೀರಿ, ಕಾರಣ ಏನು?

3. 60 ದಿನಗಳೊಳಗೆ ದೋಷಾರೋಪ ಪಟ್ಟಿ ಹೋಗಿದ್ದು ಎಷ್ಟು?

4. ಪರಿಹಾರದ ಹಣ, ಸಾಕ್ಷಿಗಳ ಪ್ರಯಾಣ ಭತ್ಯೆ ಎಷ್ಟು ಜನಕ್ಕೆ ಸಕಾಲಕ್ಕೆ ಸಿಕ್ಕಿದೆ? ಭತ್ಯೆ ಸಿಗದೆ ಕೂಲಿ ಬಿಟ್ಟು ಕೋರ್ಟಿಗೆ ಬರುವ ಸಾಕ್ಷಿ ಎಷ್ಟು ದಿನ ನಿಲ್ಲಬಲ್ಲ?

5. ಸೊನ್ನೆ ಕೇಸಿನ ಊರುಗಳಿಗೆ ಯಾರು, ಯಾವಾಗ ಭೇಟಿ ಕೊಟ್ಟರು? ಹೋಟೆಲು, ಕ್ಷೌರದಂಗಡಿ, ದೇವಸ್ಥಾನ, ನೀರು, ಸ್ಮಶಾನ, ಇವನ್ನ ಕೇರಿಯ ಹೆಂಗಸರ ಹತ್ತಿರ ಕೇಳಿ ಬರೆದುಕೊಂಡಿದ್ದೀರಾ?

ಐದನೆಯದು ಮುಖ್ಯ. ಸೊನ್ನೆ ಕಂಡ ಕಡೆ ಹಸಿರು ಬಳಿಯೋದು ನಿಲ್ಲಲಿ. ಅಲ್ಲಿ ಪ್ರಶ್ನೆ ಚಿಹ್ನೆ ಹಾಕಿ ಅನ್ನಿ. ಇನ್ನೊಂದು ಕಡೆ, ಕೇಸು ಹೆಚ್ಚಾದ ಠಾಣೆಯ ಅಧಿಕಾರಿಯನ್ನ ‘ನಿಮ್ಮಲ್ಲೇ ಯಾಕೆ ಇಷ್ಟು?’ ಅಂತ ಗದರಿಸಬಾರದು. ಗದರಿಸಿದರೆ ಮುಂದಿನ ತಿಂಗಳು ಅವನು ದೌರ್ಜನ್ಯ ಕಡಿಮೆ ಮಾಡಲ್ಲ, ದೂರು ತಗೊಳ್ಳೋದು ಕಡಿಮೆ ಮಾಡ್ತಾನೆ. ನಾಗರಿಕ ಹಕ್ಕು ಜಾರಿ ನಿರ್ದೇಶನಾಲಯಕ್ಕೆ ಈಗ ವಿಶೇಷ ಠಾಣೆಗಳು ಬಂದಿವೆ. ಒಳ್ಳೆಯದು. ಅಲ್ಲಿ ಕೇಸುಗಳ ಸಂಖ್ಯೆ ಏರಿದರೆ ಭಯ ಇಳಿದಿದೆ ಅನ್ನೋದಕ್ಕೂ ಅದು ಗುರುತಾಗಿರಬಹುದು. ಅದನ್ನೇ ತೋರಿಸಿ ಕಾಯ್ದೆ ದುರ್ಬಳಕೆ ಅಂತ ಬೊಬ್ಬೆ ಹೊಡೆಯೋರು ಬಂದೇ ಬರ್ತಾರೆ. ಉತ್ತರ ಈಗಲೇ ಸಿದ್ಧ ಮಾಡಿಟ್ಟುಕೊಳ್ಳಿ.

ಡಿಸಿ ಅಧ್ಯಕ್ಷತೆಯ ಸಮಿತಿ ಮೂರು ತಿಂಗಳಿಗೊಮ್ಮೆ ಸೇರಬೇಕು ಅನ್ನೋದು ಕಾನೂನು. ಸೇರದಿದ್ದರೆ ಅರ್ಜಿ ಹಾಕಿ, ಸೇರಿದರೆ ಟೀ ಕುಡಿದು ಸಹಿ ಹಾಕಿ ಬರಬೇಡಿ. ಈ ಐದು ಪ್ರಶ್ನೆಗಳನ್ನ ನಡಾವಳಿಯಲ್ಲಿ ಬರೆಸಿ. ನಡಾವಳಿಯ ಪ್ರತಿ ಸಿಕ್ಕಿದರೆ ಕಾಮೆಂಟಲ್ಲಿ ಹಾಕಿ, ಎಲ್ಲ ಜಿಲ್ಲೆಗಳದ್ದೂ ಒಟ್ಟು ಮಾಡೋಣ. ಪರದೆ ಮೇಲೆ ಏನು ಕಾಣಬೇಕು ಅನ್ನೋದನ್ನ ಇನ್ನು ಮೇಲೆ ಕೇರಿಯೂ ಹೇಳಲಿ.

ಜೈಭೀಮ್.