ಕಾಣದ ಬೆಲ್ಟಿಗೂ ಒಂದು ಗಡುವಿದೆ

ಮುಂಗಾರು ಕಾಲಿಡುವ ಮೊದಲೇ ಅಡಿಕೆ ಗೊನೆಗಳಿಗೆ ಬೋರ್ಡೋ ದ್ರಾವಣ ಸಿಂಪಡಿಸಬೇಕೆಂದು ನಮ್ಮ ಬೆಳೆಗಾರ ಬಂಧುಗಳಿಗೆ ಯಾರೂ ಹೇಳಿಕೊಡಬೇಕಾಗಿಲ್ಲ. ಡಾ. ಲೆಸ್ಲಿ ಕೋಲ್‌ಮನ್ ಅವರು ಮೈಸೂರು ಸಂಸ್ಥಾನದಲ್ಲಿ ಕೊಳೆರೋಗವನ್ನು ಅಭ್ಯಾಸ ಮಾಡಿ 1910ರಲ್ಲಿ ತಮ್ಮ ವರದಿ ಪ್ರಕಟಿಸಿದ್ದರು. ಅಂದಿನಿಂದ ಇಂದಿನವರೆಗೆ ನಾವು ಕಲಿತ ಪಾಠ ಒಂದೇ: ಮದ್ದು ರೋಗ ಬರುವ ಮೊದಲು, ಬಂದ ಮೇಲಲ್ಲ. ಕಾಯಿ ಉದುರಲು ತೊಡಗಿದ ಮೇಲೆ ಮೈಲುತುತ್ತ, ಸುಣ್ಣ ಹುಡುಕುವವನನ್ನು ಕಂಡರೆ ನಮಗೆ ಕನಿಕರವಾಗುತ್ತದೆ. ಆದರೆ ಅದೇ ಎಚ್ಚರವನ್ನು ಮನೆಯಂಗಳದಲ್ಲಿ ನಿಂತಿರುವ ಕಾರು, ವ್ಯಾನುಗಳ ವಿಷಯದಲ್ಲಿ ನಾವು ತೋರಿಸುತ್ತಿಲ್ಲ. ಅಲ್ಲಿ ನಮ್ಮ ನೀತಿ 'ಓಡುವಷ್ಟು ದಿನ ಓಡಲಿ, ಕೆಟ್ಟಾಗ ನೋಡೋಣ' ಎಂಬುದು. ಎಂಜಿನ್ನಿನ ಬಹುತೇಕ ಭಾಗಗಳು ಈ ನೀತಿಯನ್ನು ಸಹಿಸಿಕೊಳ್ಳುತ್ತವೆ. ಟೈಮಿಂಗ್ ಬೆಲ್ಟು ಮಾತ್ರ ಸಹಿಸುವುದಿಲ್ಲ. ಅದರ ಬಗ್ಗೆಯೇ ಈ ಬಾರಿ ನಾಲ್ಕು ಮಾತು.

ಎಂಜಿನ್ನಿನ ಕೆಳಭಾಗದಲ್ಲಿ ಪಿಸ್ಟನ್ನುಗಳಿಗೆ ಜೋಡಿಸಿದ ಕ್ರ್ಯಾಂಕ್ ದಂಡ ಎರಡು ಸುತ್ತು ತಿರುಗಿದಾಗ, ಮೇಲ್ಭಾಗದಲ್ಲಿ ವಾಲ್ವುಗಳನ್ನು ತೆರೆದು ಮುಚ್ಚುವ ಕ್ಯಾಮ್ ದಂಡ ಸರಿಯಾಗಿ ಒಂದು ಸುತ್ತು ತಿರುಗಬೇಕು. ಇವೆರಡನ್ನೂ ತಾಳ ತಪ್ಪದಂತೆ ಕಟ್ಟಿಹಾಕಿರುವುದೇ ಟೈಮಿಂಗ್ ಬೆಲ್ಟು. ಒಳಗೆ ಗಾಜಿನ ನಾರಿನ ಎಳೆಗಳು, ಹೊರಗೆ ಕೃತಕ ರಬ್ಬರು, ಒಂದು ಬದಿಗೆ ಹಲ್ಲುಗಳು, ಇಷ್ಟೇ ಅದರ ರಚನೆ. ಎಂಜಿನ್ನು ನಿಮಿಷಕ್ಕೆ 3000 ಸುತ್ತು ತಿರುಗುವಾಗ ಪ್ರತಿಯೊಂದು ವಾಲ್ವೂ ಸೆಕೆಂಡಿಗೆ 25 ಬಾರಿ ತೆರೆದು ಮುಚ್ಚುತ್ತದೆ. ಬೆಲ್ಟು ಹರಿದರೆ ಅಥವಾ ಅದರ ಹಲ್ಲು ಕಿತ್ತುಹೋದರೆ ಕ್ಯಾಮ್ ದಂಡ ನಿಂತಲ್ಲೇ ನಿಲ್ಲುತ್ತದೆ, ಕ್ರ್ಯಾಂಕ್ ಇನ್ನೂ ತಿರುಗುತ್ತಿರುತ್ತದೆ. ತೆರೆದು ನಿಂತ ವಾಲ್ವುಗಳಿಗೆ ಪಿಸ್ಟನ್ನು ಮೇಲೆ ಬಂದು ಗುದ್ದುತ್ತದೆ. ಕೆಲವು ಪೆಟ್ರೋಲ್ ಎಂಜಿನ್ನುಗಳಲ್ಲಿ ಇವೆರಡರ ನಡುವೆ ಅಂತರವಿರುವುದರಿಂದ ಗಾಡಿ ನಿಲ್ಲುವುದಷ್ಟೇ ಹಾನಿ. ಡೀಸೆಲ್ ಎಂಜಿನ್ನಿನಲ್ಲಿ ಅಂಥ ಅಂತರಕ್ಕೆ ಜಾಗವೇ ಇರುವುದಿಲ್ಲವೆನ್ನಬಹುದು. ಅಲ್ಲಿ ವಾಲ್ವು ಬಾಗುವುದು ಖಂಡಿತ, ಪಿಸ್ಟನ್ನು ಒಡೆಯುವುದೂ ಉಂಟು.

ಈ ವಿಷಯ ನಮ್ಮಲ್ಲಿ ಹಲವರಿಗೆ ಹೊಸದೆನಿಸಲು ಕಾರಣವಿದೆ. ನಮ್ಮ ತಂದೆಯವರ ಕಾಲದ ಅಂಬಾಸಿಡರ್, ಫಿಯೆಟ್ ಕಾರುಗಳಲ್ಲಿ ಈ ಕೆಲಸಕ್ಕೆ ಇದ್ದದ್ದು ಕಬ್ಬಿಣದ ಚೈನು. ಪಂಪ್‌ಸೆಟ್ಟಿನ ಡೀಸೆಲ್ ಎಂಜಿನ್ನು, ಟಿಲ್ಲರು, ಟ್ರ್ಯಾಕ್ಟರುಗಳಲ್ಲಿ ಸಾಮಾನ್ಯವಾಗಿ ಇರುವುದು ಗೇರು. ಚೈನು ಸವೆದರೆ ಮೊದಲು ಗಲಗಲ ಸದ್ದು ಮಾಡುತ್ತದೆ, ಗೇರು ಸವೆದರೆ ಕೊರಗುತ್ತದೆ. ಸದ್ದು ಕೇಳಿ ಗ್ಯಾರೇಜಿಗೆ ಹೋಗುವುದನ್ನು ನಾವು ಕಲಿತದ್ದು ಆ ಯಂತ್ರಗಳಿಂದಲೇ. ಮೋಟಾರು ಕಾರಿನ ಎಂಜಿನ್ನಿಗೆ ಹಲ್ಲಿನ ರಬ್ಬರು ಬೆಲ್ಟು ಬಂದದ್ದು 1960ರ ದಶಕದ ಆರಂಭದಲ್ಲಿ, ಜರ್ಮನಿಯ ಗ್ಲಾಸ್ ಎಂಬ ಕಂಪನಿಯ ಸಣ್ಣ ಕಾರಿನಲ್ಲಿ. ನಮ್ಮ ಊರುಗಳಿಗೆ ಅದನ್ನು ತಂದದ್ದು 1983ರ ಕೊನೆಯಲ್ಲಿ ಬಂದ ಮಾರುತಿ 800, ಅದರ ಬೆನ್ನಿಗೇ ಬಂದ ಓಮ್ನಿ, ಆಮೇಲೆ ಜಿಪ್ಸಿ. 1998ರ ಟಾಟಾ ಇಂಡಿಕಾ ಡೀಸೆಲ್, ನಮ್ಮ ರಾಜ್ಯದ ಬಿಡದಿಯಲ್ಲಿ ತಯಾರಾಗಿ 2000ದಲ್ಲಿ ಹೊರಬಂದ ಕ್ವಾಲಿಸ್, 2005ರ ಇನ್ನೋವಾ 2.5 ಡೀಸೆಲ್, ರೆನೋ ಡಸ್ಟರ್ 1.5 ಡೀಸೆಲ್, ಇವೆಲ್ಲವೂ ಬೆಲ್ಟಿನ ಗಾಡಿಗಳೇ. ಇವುಗಳಲ್ಲಿ ಹಲವು ಈಗ ಹೊಸದಾಗಿ ತಯಾರಾಗುತ್ತಿಲ್ಲ. ಆದರೆ ಸಣ್ಣ ಬೆಳೆಗಾರನ ಮನೆಗೆ ಹೊಸ ಗಾಡಿ ಬರುವುದೇ ಅಪರೂಪ. ಪೇಟೆಯಲ್ಲಿ ಹಳತಾದದ್ದು ನಮ್ಮಲ್ಲಿ ಹೊಸತು. ಹೀಗಾಗಿ ವಯಸ್ಸಾದ ಬೆಲ್ಟುಗಳೆಲ್ಲ ಕೊನೆಗೆ ಬಂದು ಸೇರುವುದು ನಮ್ಮ ಅಂಗಳಕ್ಕೆ.

ಕಳೆದ ಕಾರ್ತಿಕದಲ್ಲಿ ನಮ್ಮ ಸಂಘದ ಸದಸ್ಯರೊಬ್ಬರು ಕುಟುಂಬ ಸಮೇತ ರಾಯಚೂರು ಜಿಲ್ಲೆಯ ಚೀಕಲಪರ್ವಿಗೆ ಹೋಗಿದ್ದರು. ಮಾನ್ವಿ ತಾಲ್ಲೂಕಿನಲ್ಲಿ ತುಂಗಭದ್ರೆಯ ದಡದಲ್ಲಿರುವ ಈ ಊರು ವಿಜಯದಾಸರ ಜನ್ಮಸ್ಥಳ. ಮಂತ್ರಾಲಯಕ್ಕೆ ಹೋಗುವ ಮಲೆನಾಡಿನವರಲ್ಲಿ ಕೆಲವರು ಅಲ್ಲಿಗೂ ಹೋಗಿ ಬರುವ ವಾಡಿಕೆಯುಂಟು. ಗಾಡಿ ಹನ್ನೊಂದು ವರ್ಷದ ಹಳೆಯ ಡೀಸೆಲ್ ವಾಹನ, ಎರಡು ವರ್ಷದ ಹಿಂದೆ ಕೊಂಡದ್ದು. ಮೀಟರಿನಲ್ಲಿ 72 ಸಾವಿರ ಕಿಲೋಮೀಟರ್. ದರ್ಶನ ಮುಗಿಸಿ ಮಾನ್ವಿಯ ಕಡೆಗೆ ಹೊರಟವರಿಗೆ ಭತ್ತದ ಗದ್ದೆಗಳ ನಡುವೆ, ದೀಪ ಆರಿಸಿದ ಹಾಗೆ, ಎಂಜಿನ್ನು ನಿಂತುಹೋಯಿತು. ಸದ್ದಿಲ್ಲ, ಹೊಗೆಯಿಲ್ಲ. ಡೀಸೆಲ್ಲಿನಲ್ಲಿ ಗಾಳಿ ಸೇರಿರಬೇಕೆಂದು ಎಣಿಸಿ ಹತ್ತು ಹದಿನೈದು ಸಲ ಸ್ಟಾರ್ಟರ್ ಒತ್ತಿದರು. ಕೊನೆಗೆ ಅಲ್ಲಿನ ರೈತರೊಬ್ಬರು ಕೆಲಸ ಬಿಟ್ಟು ಬಂದು, ತಮ್ಮ ಟ್ರ್ಯಾಕ್ಟರಿಗೆ ಹಗ್ಗ ಕಟ್ಟಿ ಮಾನ್ವಿಯವರೆಗೆ ಎಳೆದುಕೊಟ್ಟರು. ಬಾಡಿಗೆ ಕೊಡಹೋದರೆ ತೆಗೆದುಕೊಳ್ಳಲಿಲ್ಲ.

ಅಲ್ಲಿನ ಮೇಸ್ತ್ರಿ ಮೇಲಿನ ಮುಚ್ಚಳದ ಎರಡು ಬೋಲ್ಟು ಬಿಚ್ಚಿ ನೋಡಿದವನೇ, "ನಮ್ ಟ್ರ್ಯಾಕ್ಟರಿನ್ಯಾಗ ಗೇರ್ ಇರ್ತಾವ್ರಿ, ನಿಮ್ದು ಹಲ್ಲಿನ ಬೆಲ್ಟ್ ಅದ. ಹರದಾದ. ಇನ್ನ ಸೆಲ್ಫ್ ಹೊಡೀಬ್ಯಾಡ್ರಿ, ಹೆಡ್ ಬಿಚ್ಚಬೇಕಾಗ್ತದ" ಎಂದನಂತೆ. ಗಾಡಿಯನ್ನು ರಾಯಚೂರಿಗೆ ಸಾಗಿಸಲಾಯಿತು. ವಾಲ್ವುಗಳು ಬಾಗಿದ್ದವು, ಒಂದು ಪಿಸ್ಟನ್ನಿಗೂ ಪೆಟ್ಟಾಗಿತ್ತು. ಭಾಗಗಳು ಬಂದು ಕೆಲಸ ಮುಗಿಯಲು ಒಂಬತ್ತು ದಿನ ಹಿಡಿಯಿತು. ಅದು ಅಡಿಕೆ ಸುಗ್ಗಿಯ ಕಾಲ. ಇತ್ತ ಕೊನೆಗಾರ ಬರುವ ದಿನ ಗೊತ್ತಾಗಿತ್ತು, ಆಳುಗಳನ್ನು ಕರೆತರಲು ಬಾಡಿಗೆ ಜೀಪು ಮಾಡಬೇಕಾಯಿತು. ಎಂಜಿನ್ನಿನ ಖರ್ಚೂ ಬಾಡಿಗೆಯೂ ಸೇರಿ ಆ ಸದಸ್ಯರಿಗೆ ಬಿದ್ದ ಹೊರೆಯಲ್ಲಿ ಹತ್ತಾರು ಬೆಲ್ಟುಗಳನ್ನು ಹಾಕಿಸಬಹುದಾಗಿತ್ತು. ವಿಮೆಯವರನ್ನು ಕೇಳಿದರೆ ಯಂತ್ರ ತಾನಾಗಿ ಕೆಟ್ಟದ್ದಕ್ಕೆ ಪಾಲಿಸಿಯಲ್ಲಿ ಪರಿಹಾರವಿಲ್ಲವೆಂಬ ಉತ್ತರ. ಅದು ನಿಯಮವೇ, ತಕರಾರು ಮಾಡಿ ಫಲವಿಲ್ಲ.

ಈ ಪ್ರಸಂಗದಲ್ಲಿ ನಮ್ಮ ಗಮನ ಸೆಳೆದ ಸಂಗತಿ ಇನ್ನೊಂದಿದೆ. ಗಾಡಿ ಕೊಳ್ಳುವಾಗ ಸದಸ್ಯರು ಬೆಲ್ಟಿನ ವಿಷಯ ಕೇಳಿಯೇ ಇದ್ದರು. ಮಾರಿದವರು ಒಂದು ರಸೀದಿ ತೋರಿಸಿದ್ದರು. 'ಬೆಲ್ಟ್ ಬದಲಿ' ಎಂದು ಅದರಲ್ಲಿ ಬರೆದದ್ದು ನಿಜ. ಆದರೆ ಬದಲಿಸಿದ್ದು ಹೊರಗಡೆ ಕಾಣುವ ಫ್ಯಾನ್ ಬೆಲ್ಟು! ಕೀಚಲು ಸದ್ದು ಮಾಡುವುದೂ, ಕೈಯಿಂದ ಒತ್ತಿ ನೋಡಬಹುದಾದದ್ದೂ, ಕೆಲವು ನೂರು ರೂಪಾಯಿಗೆ ಸಿಗುವುದೂ ಅದು. ಟೈಮಿಂಗ್ ಬೆಲ್ಟು ಮುಚ್ಚಳದ ಒಳಗಿರುತ್ತದೆ. ಅದು ಸದ್ದು ಮಾಡುವುದಿಲ್ಲ, ಎಚ್ಚರಿಕೆ ಕೊಡುವುದಿಲ್ಲ. ರಸೀದಿಯಲ್ಲಿ ಒಂದು ಪದ ಕಡಿಮೆಯಾದದ್ದಕ್ಕೆ ಒಂದು ಎಂಜಿನ್ನು ಹೋಯಿತು. ಸಹಕಾರ ಸಂಘದ ಲೆಕ್ಕ ಬರೆಯುವವರಿಗೆ ಇದರ ಅರ್ಥ ಬೇಗ ಆಗುತ್ತದೆ.

ಈಗ ಮುಖ್ಯ ಮಾತಿಗೆ ಬರೋಣ. 'ಲಕ್ಷ ಕಿಲೋಮೀಟರ್ ಆಗಲಿ, ಆಮೇಲೆ ಬದಲಿಸಿದರಾಯಿತು' ಎಂಬ ಮಾತು ನಮ್ಮಲ್ಲಿ ಬಾಯಿಂದ ಬಾಯಿಗೆ ಬಂದಿದೆ. ತಯಾರಕರು ಎಂಜಿನ್ನಿಗೆ ತಕ್ಕಂತೆ 60 ಸಾವಿರದಿಂದ 1 ಲಕ್ಷ ಕಿಲೋಮೀಟರ್ ಎಂದೋ, ಕೆಲವರು ಅದಕ್ಕೂ ಹೆಚ್ಚೆಂದೋ ನಿಗದಿ ಮಾಡುತ್ತಾರೆ, ನಿಜ. ಆದರೆ ಹಲವು ಕೈಪಿಡಿಗಳಲ್ಲಿ ಅದರ ಪಕ್ಕದಲ್ಲೇ ವರ್ಷದ ಲೆಕ್ಕವೂ ಇರುತ್ತದೆ, ಯಾವುದು ಮೊದಲೋ ಅದು ಎಂದು. ಈ ಎರಡನೆಯ ಮಾತನ್ನು ನಾವು ಓದುವುದಿಲ್ಲ. ಪೇಟೆಯ ಬಾಡಿಗೆ ಗಾಡಿ ಎರಡು ಮೂರು ವರ್ಷದಲ್ಲಿ ಲಕ್ಷ ದಾಟುತ್ತದೆ, ಅದಕ್ಕೆ ಕಿಲೋಮೀಟರಿನ ಲೆಕ್ಕ ಸರಿ. ತೋಟದ ಗಾಡಿಯ ಕಥೆ ಬೇರೆ. ಅದು ವರ್ಷಕ್ಕೆ ಆರೇಳು ಸಾವಿರ ಓಡಿದರೆ ಹೆಚ್ಚು. ಆ ಲೆಕ್ಕದಲ್ಲಿ ಲಕ್ಷ ಮುಟ್ಟಲು ಹದಿನೈದು ವರ್ಷ ಬೇಕು. ರಬ್ಬರು ಅಷ್ಟು ಕಾಲ ಕಾಯುವುದಿಲ್ಲ. ಓಡದೆ ನಿಂತರೂ ಅದು ಎಂಜಿನ್ನಿನ ಶಾಖಕ್ಕೂ ಕಾಲಕ್ಕೂ ಗಟ್ಟಿಯಾಗಿ ಬಿರುಕು ಬಿಡುತ್ತದೆ. ಮೇಲಾಗಿ ನಮ್ಮ ಗಾಡಿಗಳು ಒಂದನೇ, ಎರಡನೇ ಗೇರಿನಲ್ಲಿ ಏರು ಹತ್ತುವಂಥವು. ಚಕ್ರ ಸ್ವಲ್ಪ ಉರುಳಿದರೂ ಎಂಜಿನ್ನು ಬಹಳ ತಿರುಗಿರುತ್ತದೆ. ಮೀಟರು ಎಣಿಸುವುದು ಚಕ್ರವನ್ನು, ಬೆಲ್ಟು ಸವೆಯುವುದು ಎಂಜಿನ್ನಿನ ಸುತ್ತಿಗೆ. ಬೇಸಿಗೆಯ ಧೂಳು, ಹಳೆಯ ಸೀಲಿನಿಂದ ಜಿನುಗುವ ಆಯಿಲ್ ಇವು ಬೇರೆ. ಆದ್ದರಿಂದ ತೋಟದ ಗಾಡಿಯ ಬೆಲ್ಟಿಗೆ ವರ್ಷವನ್ನು ಎಣಿಸಬೇಕೇ ಹೊರತು ಕಿಲೋಮೀಟರನ್ನಲ್ಲ ಎಂಬುದು ನಮ್ಮ ಖಚಿತ ಅಭಿಪ್ರಾಯ. ಕೈಪಿಡಿಯಲ್ಲಿ ವರ್ಷ ಹೇಳಿದ್ದರೆ ಅದೇ ಗಡುವು. ಕೈಪಿಡಿ ಇಲ್ಲದಿದ್ದರೆ ಐದು ವರ್ಷ ಎಂದು ಇಟ್ಟುಕೊಳ್ಳುವುದು ಕ್ಷೇಮ.

ಕೆಲವು ಸದಸ್ಯರು 'ಇನ್ನೋವಾದಲ್ಲಿ ಬೆಲ್ಟಿನ ಕೆಂಪು ದೀಪ ಇದೆಯಲ್ಲ, ಅದು ಹೊತ್ತಿದಾಗ ನೋಡೋಣ' ಎನ್ನುತ್ತಾರೆ. ಆ ದೀಪಕ್ಕೆ ಬೆಲ್ಟು ಕಾಣುವುದಿಲ್ಲ. ಓಡಿದ ದೂರ ಇಂತಿಷ್ಟಾದಾಗ ಹೊತ್ತಿಕೊಳ್ಳುವಂತೆ ಅದನ್ನು ಮಾಡಿದ್ದಾರೆ, ಅಷ್ಟೇ. ಕಡಿಮೆ ಓಡುವ ಗಾಡಿಯಲ್ಲಿ ಬೆಲ್ಟು ಮೊದಲು ಹೋಗಿ ದೀಪ ಹಿಂದೆ ಉಳಿದರೆ ಆಶ್ಚರ್ಯವಿಲ್ಲ. ಹಾಗೆಂದು ಎಲ್ಲ ಗಾಡಿಗಳಲ್ಲೂ ಬೆಲ್ಟಿದೆಯೆಂದು ಗಾಬರಿಯಾಗುವುದೂ ಬೇಡ. ಇನ್ನೋವಾ ಕ್ರಿಸ್ಟಾ 2.4 ಡೀಸೆಲ್, ಸ್ವಿಫ್ಟ್ 1.3 ಡೀಸೆಲ್ ಮುಂತಾದವುಗಳಲ್ಲಿ ಇರುವುದು ಚೈನು. ನಮ್ಮ ಗಾಡಿಯಲ್ಲಿ ಯಾವುದಿದೆ ಎಂದು ತಿಳಿದುಕೊಳ್ಳುವುದು ಮೊದಲ ಕೆಲಸ.

ಗಾಡಿ ನಿಂತದ್ದು ಮಾನ್ವಿಯ ಸಮತಟ್ಟು ರಸ್ತೆಯಲ್ಲಿ ಎಂಬುದು ಆ ಕುಟುಂಬದ ಪುಣ್ಯ. ನಮ್ಮ ಘಟ್ಟದ ತಿರುವಿನಲ್ಲಿ, ಆಷಾಢದ ಮಳೆಯ ರಾತ್ರಿ, ಆಸ್ಪತ್ರೆಗೆ ರೋಗಿಯನ್ನು ಕರೆದೊಯ್ಯುವಾಗ ಹೀಗಾದರೆ? ಎಂಜಿನ್ನು ನಿಂತೊಡನೆ ಪವರ್ ಸ್ಟಿಯರಿಂಗ್ ಕಲ್ಲಿನಂತೆ ಬಿಗಿಯುತ್ತದೆ. ಬ್ರೇಕಿಗೆ ಬರುವ ಸಹಾಯವೂ ಒಂದೆರಡು ಒತ್ತಿಗೆ ಮುಗಿದು, ಆಮೇಲೆ ಪೆಡಲನ್ನು ಮೈಭಾರ ಹಾಕಿ ತುಳಿಯಬೇಕಾಗುತ್ತದೆ. ಇಳಿಜಾರಿನಲ್ಲಿ ಇದರ ಪರಿಣಾಮವನ್ನು ನಾವು ಬಿಡಿಸಿ ಹೇಳಬೇಕಾಗಿಲ್ಲ. ಬರಿಯ ಹಣದ ಪ್ರಶ್ನೆಯಾಗಿದ್ದರೆ ನಾವು ಇಷ್ಟು ಬರೆಯುತ್ತಿರಲಿಲ್ಲ.

ಬದಲಿಸುವಾಗ ಗಮನಿಸಬೇಕಾದ ಅಂಶಗಳನ್ನು ಅನುಭವಿ ಮೇಸ್ತ್ರಿಗಳೊಡನೆ ಚರ್ಚಿಸಿ ಇಲ್ಲಿ ಕೊಡುತ್ತಿದ್ದೇವೆ.

1. ಬೆಲ್ಟನ್ನು ಮಾತ್ರ ಬದಲಿಸಿ ಹಣ ಉಳಿಸಬೇಡಿ. ಅದನ್ನು ಬಿಗಿಯುವ ಟೆನ್ಶನರನ್ನೂ, ಜೊತೆಗಿರುವ ಸಣ್ಣ ಪುಲ್ಲಿಯನ್ನೂ ಬದಲಿಸಿ. ಅವುಗಳ ಬೇರಿಂಗು ಹಿಡಿದರೆ ಹೊಸ ಬೆಲ್ಟೂ ಹರಿಯುತ್ತದೆ. ಡಸ್ಟರ್ ಡೀಸೆಲ್ಲಿನಂತೆ ವಾಟರ್ ಪಂಪನ್ನೂ ಇದೇ ಬೆಲ್ಟು ತಿರುಗಿಸುವಂತಿದ್ದರೆ ಪಂಪನ್ನೂ ಸೇರಿಸಿಕೊಳ್ಳುವುದು ಲೇಸು. ಕೂಲಿ ಒಂದೇ ಸಲದ್ದು.

2. ಕ್ರ್ಯಾಂಕ್, ಕ್ಯಾಮ್ ದಂಡಗಳ ಆಯಿಲ್ ಸೀಲು ಜಿನುಗುತ್ತಿದೆಯೇ ನೋಡಿಸಿ. ಆಯಿಲ್ ತಾಗಿದ ಬೆಲ್ಟು ಬಾಳುವುದಿಲ್ಲ.

3. ಹೊಸ ಬೆಲ್ಟನ್ನು ಮಡಚಬಾರದು, ಮೊಳೆಗೆ ನೇತುಹಾಕಬಾರದು, ಪೆಟ್ರೋಲಿನಲ್ಲಿ ಒರೆಸಬಾರದು.

4. ಹಳೆಯದನ್ನು ತೆಗೆಯುವ ಮೊದಲೇ ಪುಲ್ಲಿಗಳ ಗುರುತುಗಳನ್ನು ಸರಿಹೊಂದಿಸಿಕೊಳ್ಳಬೇಕು. ಬೆಲ್ಟು ಡೀಸೆಲ್ ಪಂಪನ್ನೂ ತಿರುಗಿಸುವ ಎಂಜಿನ್ನುಗಳಲ್ಲಿ ಆ ಗುರುತೂ ಸೇರಿ. ಜೋಡಿಸಿದ ಮೇಲೆ ಕ್ರ್ಯಾಂಕನ್ನು ಸ್ಪ್ಯಾನರ್ ಹಾಕಿ ಕೈಯಿಂದಲೇ ಎರಡು ಪೂರ್ಣ ಸುತ್ತು ತಿರುಗಿಸಿ ಗುರುತು ಮತ್ತೆ ಕೂಡುತ್ತದೆಯೇ ನೋಡಬೇಕು. ಎಲ್ಲಾದರೂ ತಡೆದರೆ ಅಲ್ಲೇ ನಿಲ್ಲಿಸಬೇಕು. ಇದನ್ನು ಮಾಡದೆ ಸ್ಟಾರ್ಟರ್ ಒತ್ತುವ ಮೇಸ್ತ್ರಿಯ ಕೈಗೆ ಗಾಡಿ ಕೊಡಬೇಡಿ.

5. ಓಡುತ್ತಿದ್ದ ಗಾಡಿ ಸದ್ದಿಲ್ಲದೆ ನಿಂತು, ಸ್ಟಾರ್ಟರ್ ಒತ್ತಿದಾಗ ಎಂಜಿನ್ನು ಎಂದಿಗಿಂತ ಹಗುರವಾಗಿ ತಿರುಗಿದರೆ ಬೆಲ್ಟಿನ ಮೇಲೆ ಅನುಮಾನವಿರಲಿ. ಮತ್ತೆ ಮತ್ತೆ ಒತ್ತಬೇಡಿ, ತಳ್ಳಿ ಸ್ಟಾರ್ಟ್ ಮಾಡಬೇಡಿ. ಉಳಿದ ವಾಲ್ವುಗಳೂ ಬಾಗುತ್ತವೆ.

6. ರಸೀದಿಯಲ್ಲಿ 'ಟೈಮಿಂಗ್ ಬೆಲ್ಟ್' ಎಂದು ಪೂರ್ತಿ ಬರೆಸಿ, ದಿನಾಂಕ, ಮೀಟರಿನ ಅಂಕಿ ಹಾಕಿಸಿ. ಹಳೆಯ ಬೆಲ್ಟನ್ನು ಕೇಳಿ ಪಡೆಯಿರಿ.

ಹಳೆಯ ಗಾಡಿ ಕೊಳ್ಳುವವರಿಗೆ ಒಂದೇ ಮಾತು. ಮಾರುವವರು ಏನೇ ಹೇಳಲಿ, ಸ್ಪಷ್ಟವಾದ ರಸೀದಿ ಇಲ್ಲವೆಂದರೆ ಬೆಲ್ಟು ಬದಲಿಸಿಲ್ಲವೆಂದೇ ತಿಳಿಯಿರಿ. ಕೆಲವು ಸಾವಿರ ರೂಪಾಯಿಯ ಈ ಖರ್ಚನ್ನು ಗಾಡಿಯ ಬೆಲೆಗೇ ಸೇರಿಸಿ ಚೌಕಾಸಿ ಮಾಡಿ.

ಈ ಹಿನ್ನೆಲೆಯಲ್ಲಿ ಮುಂದಿನ ಸರ್ವ ಸದಸ್ಯರ ಸಭೆಯ ಮುಂದೆ ಎರಡು ಸಲಹೆಗಳನ್ನು ಇಡಬಯಸುತ್ತೇವೆ. ಮೊದಲನೆಯದು, ಸಂಘದ ಕಚೇರಿಯಲ್ಲಿ ಸದಸ್ಯರ ವಾಹನಗಳ ಒಂದು ಪುಸ್ತಕ ಇಡುವುದು. ಗಾಡಿ ಯಾವುದು, ಬೆಲ್ಟೋ ಚೈನೋ, ಬದಲಿಸಿದ್ದು ಯಾವಾಗ ಎಂಬಷ್ಟೇ ವಿವರ. ಗಡುವು ಬಂದವರಿಗೆ ಮೈಲುತುತ್ತದ ವಿತರಣೆಯ ಸೂಚನೆಯ ಜೊತೆಗೇ ನೆನಪಿನ ಚೀಟಿ ಹೋಗಲಿ. ಎರಡನೆಯದು, ಹಳೆಯ ವಾಹನ ಕೊಳ್ಳಲು ಸಂಘದಿಂದ ಸಾಲ ಪಡೆಯುವವರು ಮೂರು ತಿಂಗಳೊಳಗೆ ಬೆಲ್ಟಿನ ರಸೀದಿ ಹಾಜರುಪಡಿಸಬೇಕೆಂಬ ಷರತ್ತು.

ಸಂಘವು ಗ್ಯಾರೇಜಿನ ಕೆಲಸಕ್ಕೂ ಕೈ ಹಾಕಬೇಕೆ ಎಂದು ಕೆಲವರು ಆಕ್ಷೇಪಿಸಬಹುದು. ಗಾಡಿ ಕೆಟ್ಟಾಗ ಕಂತು ನಿಲ್ಲುತ್ತದೆ. ಕಂತು ನಿಂತರೆ ಅದು ಉಳಿದೆಲ್ಲ ಸದಸ್ಯರ ಹಣ. ಹಾಗಾಗಿ ಇದು ಸಂಘದ ಕೆಲಸವೇ ಎಂದು ನಾವು ತಿಳಿಯುತ್ತೇವೆ. ಷರತ್ತು ಬಡ ಸದಸ್ಯರಿಗೆ ಹೊರೆಯಾಗುತ್ತದೆಂಬ ಮಾತಿನಲ್ಲಿ ಸ್ವಲ್ಪ ಸತ್ಯವಿದೆ. ಅಂಥವರಿಗೆ ಬೆಲ್ಟಿನ ಖರ್ಚನ್ನೂ ಸಾಲದ ಮೊತ್ತದಲ್ಲೇ ಸೇರಿಸಿ ಕೊಡಬಹುದು. ಎಂಜಿನ್ನು ಹೋದ ಮೇಲೆ ಇನ್ನೊಂದು ಸಾಲಕ್ಕೆ ಬರುವುದಕ್ಕಿಂತ ಇದು ಹಗುರ.

ಸಭೆಯ ತೀರ್ಮಾನ ಏನೇ ಆಗಲಿ, ಅಲ್ಲಿಯವರೆಗೆ ಕಾಯುವ ಅಗತ್ಯವಿಲ್ಲ. ಸಿಂಪಡಣೆಯ ಗಟಾರು ಪಂಪನ್ನು ಅಟ್ಟದಿಂದ ಇಳಿಸಿ ಹೋಸುಗಳನ್ನು ಪರೀಕ್ಷಿಸುವ ದಿನವೇ ವಾಹನದ ಕಾಗದಪತ್ರಗಳನ್ನೂ ಒಮ್ಮೆ ಹೊರತೆಗೆದು, ಆ ಎರಡು ಪದಗಳು ಎಲ್ಲಿಯಾದರೂ ಇವೆಯೇ ಎಂದು ಹುಡುಕಬೇಕಾಗಿ ಬೆಳೆಗಾರ ಬಂಧುಗಳಲ್ಲಿ ಕೋರುತ್ತೇವೆ. ಸಿಗದಿದ್ದರೆ, ಮಳೆ ಹಿಡಿಯುವ ಮೊದಲೇ ಗಾಡಿಯನ್ನು ಗ್ಯಾರೇಜಿಗೆ ಒಯ್ಯಿರಿ.

— ಕಾರ್ಯದರ್ಶಿ