ಮೊದಲು ‘ಸಿ’ ನೋಡಿ, ಆಮೇಲೆ ‘ಟಿ’ ನೋಡಿ



ಜ್ವರ ಬಂದವರ ಬೆರಳ ತುದಿಯಿಂದ ಒಂದು ತೊಟ್ಟು ರಕ್ತ ತೆಗೆದು ಬಿಳಿ ಪ್ಲಾಸ್ಟಿಕ್ ಕಾರ್ಡಿಗೆ ಹಾಕುವುದನ್ನು ನೀವು ನೋಡಿರಬಹುದು. ಮಲೇರಿಯಾ ನಮ್ಮ ದಕ್ಷಿಣ ಕನ್ನಡ ಜಿಲ್ಲೆಗೆ ಹೊಸದಲ್ಲ. ಹಾಗಾಗಿ ಇಂಥ ಕಾರ್ಡೂ ನಮಗೆ ಹೊಸದಲ್ಲ. ಕೋವಿಡ್ ಬಂದ ಮೇಲಂತೂ ಮೂಗಿನ ದ್ರವ ಪರೀಕ್ಷಿಸುವ ಕಾರ್ಡು ಮನೆಮನೆಗೂ ಬಂತು.

ಆ ಕಾರ್ಡಿನಲ್ಲಿ ಒಂದು ಪುಟ್ಟ ಕಿಟಕಿ ಇರುತ್ತದೆ. ಅದರ ಪಕ್ಕದಲ್ಲಿ ‘ಸಿ’ ಮತ್ತು ‘ಟಿ’ ಎಂಬ ಇಂಗ್ಲಿಷ್ ಅಕ್ಷರಗಳು. ‘ಟಿ’ ಎಂದರೆ ಟೆಸ್ಟ್, ಅಂದರೆ ಪರೀಕ್ಷೆಯ ಗೆರೆ. ‘ಸಿ’ ಎಂದರೆ ಕಂಟ್ರೋಲ್. ಮಲೇರಿಯಾ ಕಾರ್ಡಿನಲ್ಲಿ ‘ಟಿ’ಯ ಬದಲು ರೋಗಾಣುವಿನ ಹೆಸರಿನ ಅಕ್ಷರಗಳೂ ಇರಬಹುದು. ‘ಸಿ’ ಮಾತ್ರ ಸಾಮಾನ್ಯವಾಗಿ ಇದ್ದೇ ಇರುತ್ತದೆ.

ಎಲ್ಲರೂ ಆತಂಕದಿಂದ ನೋಡುವುದು ‘ಟಿ’ಯನ್ನು. ಆದರೆ ಮೊದಲು ನೋಡಬೇಕಾದದ್ದು ‘ಸಿ’ಯನ್ನು ಎಂಬುದು ನನ್ನ ಅಭಿಪ್ರಾಯ. ಅದನ್ನು ನಾವು ಕನ್ನಡದಲ್ಲಿ ‘ನಿಯಂತ್ರಣ ಗೆರೆ’ ಎಂದು ಕರೆಯುವುದೂ ಸರಿಯಲ್ಲ ಎಂದು ನನಗನ್ನಿಸುತ್ತದೆ. ಈ ಅಭಿಪ್ರಾಯ ನನಗೆ ಪುಸ್ತಕದಿಂದ ಬಂದದ್ದಲ್ಲ, ನಾನೇ ಮಾಡಿದ ಒಂದು ತಪ್ಪಿನಿಂದ ಬಂದದ್ದು.

ಓದಿದವನೇ ಎಡವಿದೆ

ಅದು 2021ರ ಮಳೆಗಾಲ. ಮನೆಯಲ್ಲೇ ಮಾಡಿಕೊಳ್ಳಬಹುದಾದ ಕೋವಿಡ್ ಪರೀಕ್ಷೆಗೆ ಭಾರತೀಯ ವೈದ್ಯಕೀಯ ಸಂಶೋಧನಾ ಮಂಡಳಿ ಆ ವರ್ಷದ ಮೇ ತಿಂಗಳಲ್ಲಷ್ಟೇ ಒಪ್ಪಿಗೆ ಕೊಟ್ಟಿತ್ತು. ಫರಂಗಿಪೇಟೆಯ ನಮ್ಮ ಮನೆಯಲ್ಲೂ ಎರಡು ಕಿಟ್ ತಂದಿಟ್ಟಿದ್ದೆ. ಒಂದು ಸಂಜೆ ನನಗೆ ಮೈ ಬಿಸಿಯಾಯಿತು. ಪರೀಕ್ಷೆ ಮಾಡೋಣವೆಂದು ಕಾರ್ಡಿನ ಚೀಲ ಹರಿದೆ. ಅಷ್ಟರಲ್ಲಿ ಕರೆಂಟು ಹೋಯಿತು. ‘ನಾಳೆ ನೋಡೋಣ’ ಎಂದು ಕಾರ್ಡನ್ನು ಹಾಗೆಯೇ ಮೇಜಿನ ಮೇಲೆ ಬಿಟ್ಟೆ. ಹೊರಗೆ ಎಡೆಬಿಡದ ಮಳೆ, ಒಳಗೆ ಗೋಡೆಯೂ ಬೆವರುವಷ್ಟು ತೇವ.

ಮರುದಿನ ಸಂಜೆ ಅದೇ ಕಾರ್ಡಿನಲ್ಲಿ ಪರೀಕ್ಷೆ ಮಾಡಿದೆ. ಎಷ್ಟು ಹನಿ ಹಾಕಿದೆನೆಂದು ಲೆಕ್ಕ ಇಡಲಿಲ್ಲ. ಹದಿನೈದು ನಿಮಿಷ ಕಳೆದರೂ ಕಿಟಕಿ ಬೆಳ್ಳಗೇ ಇತ್ತು. ಒಂದು ಗೆರೆಯೂ ಮೂಡಲಿಲ್ಲ.

“ಒಂದು ಗೆರೆಯೂ ಇಲ್ಲವಲ್ಲ ಮಗಾ, ಏನೂ ಇಲ್ಲ ಬಿಡು,” ಎಂದರು ಅಮ್ಮ.

“ಅಪ್ಪಾ, ಸಿ ಹತ್ತಿರ ಒಂದು ಗೆರೆ ಬರಬೇಕಲ್ಲ?” ಎಂದಳು ಆಗ ಏಳನೇ ತರಗತಿಯಲ್ಲಿದ್ದ ಮಗಳು.

ವಿಜ್ಞಾನದಲ್ಲಿ ಸ್ನಾತಕೋತ್ತರ ಪದವಿ ಪಡೆದ ನಾನು ಮಗಳ ಮಾತನ್ನು ಕೇಳಲಿಲ್ಲ. ಅಮ್ಮನ ಮಾತು ಹಿತವಾಗಿತ್ತು, ಅದನ್ನೇ ನಂಬಿದೆ. ಆ ರಾತ್ರಿ ಅಮ್ಮನ ಜೊತೆ ಕುಳಿತು ಊಟ ಮಾಡಿದೆ, ಅವರ ಕೋಣೆಯಲ್ಲೇ ಮಲಗಿದೆ. ಬೆಳಿಗ್ಗೆ ಜ್ವರ ಏರಿತು. ಎರಡನೇ ಕಾರ್ಡಿನಲ್ಲಿ ಸೂಚನೆಯಂತೆ ಪರೀಕ್ಷೆ ಮಾಡಿದಾಗ ಎರಡು ಗೆರೆಗಳೂ ಸ್ಪಷ್ಟವಾಗಿ ಮೂಡಿದವು. ಮೂರು ದಿನಗಳ ನಂತರ ಅಮ್ಮನಿಗೂ ಜ್ವರ ಬಂತು. ಆ ರಾತ್ರಿಯೇ ನನ್ನಿಂದಲೇ ಹರಡಿತು ಎಂದು ಖಚಿತವಾಗಿ ಹೇಳಲು ಬರುವುದಿಲ್ಲ. ಅಮ್ಮ ಗುಣವಾದರು. ಆದರೆ ಆ ಹತ್ತು ದಿನ ನಾನು ಪಟ್ಟ ಸಂಕಟ ನನಗೇ ಗೊತ್ತು.

ಬಿಳಿ ಕಿಟಕಿ ‘ರೋಗವಿಲ್ಲ’ ಎಂದು ಹೇಳಿರಲಿಲ್ಲ. ‘ನಾನು ಕೆಲಸವನ್ನೇ ಮಾಡಿಲ್ಲ’ ಎಂದು ಹೇಳಿತ್ತು.

ಕಾರ್ಡಿನ ಒಳಗೆ ಚಿನ್ನ!

ಈ ಕಾರ್ಡು ಹೇಗೆ ಕೆಲಸ ಮಾಡುತ್ತದೆ? ಅನೇಕ ಕಾರ್ಡುಗಳಲ್ಲಿ ಗೆರೆ ಮೂಡಿಸುವುದು ಚಿನ್ನದ ಕಣಗಳು. ಆಶ್ಚರ್ಯವಾಯಿತೇ? ಈ ಕಣಗಳ ಗಾತ್ರ ಸುಮಾರು 40 ನ್ಯಾನೋಮೀಟರ್. ಒಂದು ಮಿಲಿಮೀಟರಿನಲ್ಲಿ 10 ಲಕ್ಷ ನ್ಯಾನೋಮೀಟರ್ ಇವೆ. ಅಂದರೆ ನಿಮ್ಮ ಅಳತೆಪಟ್ಟಿಯ ಒಂದು ಮಿಲಿಮೀಟರ್ ಜಾಗದಲ್ಲಿ ಇಂಥ 25,000 ಕಣಗಳನ್ನು ಸಾಲಾಗಿ ನಿಲ್ಲಿಸಬಹುದು! ಅಷ್ಟು ಸಣ್ಣದಾದಾಗ ಚಿನ್ನ ಹಳದಿಯಾಗಿ ಕಾಣುವುದಿಲ್ಲ, ಕೆಂಪಾಗಿ ಕಾಣುತ್ತದೆ. ಇದನ್ನು ಮೈಕೆಲ್ ಫ್ಯಾರಡೆ 1857ರಲ್ಲೇ ವಿವರಿಸಿದ್ದರು. ಅವರು ತಯಾರಿಸಿದ ಕೆಂಪು ಚಿನ್ನದ ದ್ರಾವಣ ಲಂಡನ್ನಿನ ರಾಯಲ್ ಇನ್‌ಸ್ಟಿಟ್ಯೂಷನ್‌ನಲ್ಲಿ ಇಂದಿಗೂ ಇದೆ.

ಈ ಕಣಗಳಿಗೆ ಪ್ರತಿಕಾಯಗಳನ್ನು ಅಂಟಿಸಿರುತ್ತಾರೆ. ಪ್ರತಿಕಾಯ ಎಂದರೆ ಒಂದು ನಿರ್ದಿಷ್ಟ ವಸ್ತುವನ್ನು ಮಾತ್ರ ಗುರುತಿಸಿ ಹಿಡಿದುಕೊಳ್ಳುವ ಪ್ರೋಟೀನು. ನಾವು ಹಾಕಿದ ದ್ರವ, ಬತ್ತಿಯಲ್ಲಿ ಎಣ್ಣೆ ಏರುವಂತೆ, ಕಾರ್ಡಿನ ಪಟ್ಟಿಯಲ್ಲಿ ಹರಿಯುತ್ತದೆ. ಹೋಗುವಾಗ ಚಿನ್ನದ ಕಣಗಳನ್ನೂ ಹೊತ್ತೊಯ್ಯುತ್ತದೆ. ದ್ರವದಲ್ಲಿ ರೋಗಾಣುವಿನ ಅಂಶ ಇದ್ದರೆ ಕಣಗಳು ಅದನ್ನು ಹಿಡಿದುಕೊಂಡು ‘ಟಿ’ಯಲ್ಲಿ ಸಿಕ್ಕಿಬೀಳುತ್ತವೆ. ಅಪಾರ ಸಂಖ್ಯೆಯ ಕಣಗಳು ಸೇರಿದಾಗ ಕೆಂಪು ಗೆರೆ ಕಾಣುತ್ತದೆ. ರೋಗಾಣು ಇಲ್ಲದಿದ್ದರೆ ಕಣಗಳು ‘ಟಿ’ಯನ್ನು ದಾಟಿ ಮುಂದೆ ಹೋಗುತ್ತವೆ.

ಮುಂದೆ ‘ಸಿ’ ಕಾದಿರುತ್ತದೆ. ಅದಕ್ಕೆ ರೋಗಾಣುವಿನ ಗೊಡವೆ ಇಲ್ಲ. ಕಣಗಳ ಮೇಲಿರುವ ಪ್ರತಿಕಾಯವನ್ನೇ ಅದು ಹಿಡಿಯುತ್ತದೆ. ಆದ್ದರಿಂದ ರೋಗ ಇರಲಿ, ಇಲ್ಲದಿರಲಿ, ದ್ರವ ಸರಿಯಾಗಿ ಹರಿದು ಕಣಗಳು ಅಲ್ಲಿಯವರೆಗೆ ತಲುಪಿದರೆ ‘ಸಿ’ಯಲ್ಲಿ ಗೆರೆ ಮೂಡಲೇಬೇಕು. ಮೂಡದಿದ್ದರೆ ಪರೀಕ್ಷೆಯೇ ನಡೆದಿಲ್ಲ. ‘ಸಿ’ ಇಲ್ಲದೆ ‘ಟಿ’ ಮಾತ್ರ ಮೂಡಿದರೂ ಆ ಫಲಿತಾಂಶವನ್ನು ಒಪ್ಪುವಂತಿಲ್ಲ. ಹೊಸ ಕಾರ್ಡಿನಲ್ಲಿ ಮತ್ತೆ ಪರೀಕ್ಷಿಸಬೇಕು.

ನನ್ನ ಕಾರ್ಡಿಗೆ ಏನಾಗಿತ್ತು? ತೇವ ಹೀರಿ ಕೆಟ್ಟಿರಬಹುದು, ಅಥವಾ ಹನಿ ಕಡಿಮೆಯಾಗಿ ದ್ರವ ಮುಂದೆ ಹರಿಯದೆ ಇದ್ದಿರಬಹುದು. ಕಾರ್ಡಿನ ಚೀಲದೊಳಗೆ ತೇವ ಹೀರುವ ಪುಟ್ಟ ಪೊಟ್ಟಣ ಇಟ್ಟಿರುವುದು, ‘ಚೀಲ ಹರಿದ ಕೂಡಲೇ ಬಳಸಿ’ ಎಂದು ಬರೆದಿರುವುದು ಸುಮ್ಮನೆ ಅಲ್ಲ.

‘ನಿಯಂತ್ರಣ’ ಎಂದರೆ ಏನು?

ಈಗ ಪದದ ವಿಷಯಕ್ಕೆ ಬರೋಣ. ಮಾಲಿನ್ಯ ನಿಯಂತ್ರಣ, ಸಂಚಾರ ನಿಯಂತ್ರಣ ಎಂದಾಗ ನಮಗೆ ಹೊಳೆಯುವುದು ತಡೆಯುವುದು, ಹತೋಟಿಯಲ್ಲಿಡುವುದು. ‘ಸಿ’ ಗೆರೆ ಯಾವುದನ್ನೂ ತಡೆಯುವುದಿಲ್ಲ, ಯಾರನ್ನೂ ಹತೋಟಿಯಲ್ಲಿ ಇಡುವುದಿಲ್ಲ. ತರಬೇತಿಗಳಲ್ಲಿ ಮಕ್ಕಳನ್ನು ಕೇಳಿದರೆ, ‘ರೋಗ ಕಂಟ್ರೋಲ್‌ನಲ್ಲಿದೆ ಎಂದು ಅರ್ಥ ಸರ್’ ಎನ್ನುವವರೂ ಇದ್ದಾರೆ! ತಪ್ಪು ಮಕ್ಕಳದ್ದಲ್ಲ, ಆ ಪದದ್ದು.

ಪದಗಳ ಮೂಲ ಅರ್ಥ ಮರೆತುಹೋಗುವುದುಂಟು. ನನ್ನ ಊರಿನ ಹೆಸರನ್ನೇ ನೋಡಿ. ಯೂರೋಪಿನಿಂದ ಬಂದವರನ್ನು ಹಿಂದೆ ನಮ್ಮ ಜನ ‘ಫರಂಗಿ’ಗಳು ಎನ್ನುತ್ತಿದ್ದರು. ನೇತ್ರಾವತಿ ದಂಡೆಯ ಈ ಪೇಟೆಯ ಹೆಸರಿನಲ್ಲಿ ಆ ಮಾತು ಉಳಿದಿದೆ. ದಿನಾ ಬಸ್ಸಿನಲ್ಲಿ ‘ಫರಂಗಿಪೇಟೆ, ಫರಂಗಿಪೇಟೆ’ ಎಂದು ಕೇಳುವ ನಾವು ಅದನ್ನು ನೆನೆಯುವುದಿಲ್ಲ. ‘ಕಂಟ್ರೋಲ್’ ಪದದ ಕಥೆಯೂ ಹಾಗೆಯೇ. ಹಳೆಯ ಫ್ರೆಂಚ್ ಭಾಷೆಯಲ್ಲಿ ಅದರ ಮೂಲಾರ್ಥ ‘ಎದುರು ಪಟ್ಟಿ’, ಅಂದರೆ ಒಂದು ಲೆಕ್ಕದ ಪುಸ್ತಕ ಸರಿಯಿದೆಯೇ ಎಂದು ತಾಳೆ ನೋಡಲು ಇಡುವ ಇನ್ನೊಂದು ಪುಸ್ತಕ. ಹಾಲಿನ ಸೊಸೈಟಿಯಲ್ಲಿ ಒಂದು ಪುಸ್ತಕ, ನಿಮ್ಮ ಮನೆಯಲ್ಲಿ ಒಂದು ಪುಸ್ತಕ ಇರುತ್ತದಲ್ಲವೇ? ಒಂದಕ್ಕೆ ಇನ್ನೊಂದು ಸಾಕ್ಷಿ. ವಿಜ್ಞಾನದ ‘ಕಂಟ್ರೋಲ್’ ಈ ಅರ್ಥಕ್ಕೆ ಹತ್ತಿರ. ಆದ್ದರಿಂದ ‘ಸಿ’ಯನ್ನು ‘ಸಾಕ್ಷಿ ಗೆರೆ’ ಎಂದು ಕರೆಯೋಣ ಎಂಬುದು ನನ್ನ ಸಲಹೆ. ಕೆಲವು ಶಿಕ್ಷಕ ಮಿತ್ರರು ‘ಪುಸ್ತಕದಲ್ಲಿರುವ ಪದವೇ ಇರಲಿ, ಇಲ್ಲದಿದ್ದರೆ ಗೊಂದಲವಾಗುತ್ತದೆ’ ಎನ್ನುತ್ತಾರೆ. ಅವರ ಮಾತಿನಲ್ಲೂ ಸತ್ಯವಿದೆ. ಉತ್ತರ ಪತ್ರಿಕೆಯಲ್ಲಿ ಪುಸ್ತಕದ ಪದವನ್ನೇ ಬರೆಯಿರಿ. ಆದರೆ ಮನಸ್ಸಿನಲ್ಲಿ ‘ಸಾಕ್ಷಿ’ ಎಂದು ಓದಿಕೊಳ್ಳಿ.

ಸಾಕ್ಷಿಗೂ ಮಿತಿ ಇದೆ ಎಂಬುದನ್ನು ಮರೆಯಬಾರದು. ‘ಸಿ’ ಹೇಳುವುದು ಕಾರ್ಡು ಕೆಲಸ ಮಾಡಿದೆ ಎಂದು ಮಾತ್ರ. ಮೂಗಿನ ದ್ರವವನ್ನು ಸರಿಯಾಗಿ ತೆಗೆದಿದ್ದೀರೋ ಇಲ್ಲವೋ ಎಂಬುದು ಅದಕ್ಕೆ ತಿಳಿಯದು. ರೋಗಾಣು ತೀರಾ ಕಡಿಮೆಯಿದ್ದರೆ ‘ಟಿ’ ಮೂಡದೆಯೂ ಇರಬಹುದು. ಅದಕ್ಕಾಗಿಯೇ ಕೋವಿಡ್ ಕಾಲದಲ್ಲಿ, ಕಾರ್ಡಿನಲ್ಲಿ ನೆಗೆಟಿವ್ ಬಂದರೂ ರೋಗಲಕ್ಷಣ ಇದ್ದವರು ಆರ್‌ಟಿ-ಪಿಸಿಆರ್ ಪರೀಕ್ಷೆ ಮಾಡಿಸಬೇಕು ಎಂಬ ನಿಯಮ ಇತ್ತು.

ಮುಂದೆಯೂ ಬೇಕು ಸಾಕ್ಷಿ

ಪರೀಕ್ಷಾ ಸಾಧನಗಳು ದಿನದಿಂದ ದಿನಕ್ಕೆ ಚಿಕ್ಕದಾಗುತ್ತಿವೆ. ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯ ನ್ಯಾನೋ ವಿಜ್ಞಾನ ಕೇಂದ್ರದ ಪ್ರೊ. ನವಕಾಂತ ಭಟ್ ಅವರಿಗೆ ಜೈವಿಕ ಸಂವೇದಕಗಳ ಕುರಿತ ಸಂಶೋಧನೆ ಸೇರಿದಂತೆ ಅವರ ಕೆಲಸಕ್ಕಾಗಿ 2018ರ ಇನ್ಫೋಸಿಸ್ ಪ್ರಶಸ್ತಿ ಬಂತು. ರಕ್ತದ ಸಕ್ಕರೆ, ಹಿಮೋಗ್ಲೋಬಿನ್ ಮುಂತಾದವನ್ನು ಅಳೆಯುವ, ಅಂಗೈಯಲ್ಲಿ ಹಿಡಿಯಬಹುದಾದ ಯಂತ್ರ ಅವರ ತಂಡದ ಸಂಶೋಧನೆಯಿಂದ ರೂಪುಗೊಂಡಿದೆ. ಇಂಥ ಯಂತ್ರ ಗೆರೆಯ ಬದಲು ಅಂಕಿ ತೋರಿಸುತ್ತದೆ. ಅಂಕಿ ಕಂಡ ಕೂಡಲೇ ನಂಬುವುದು ನಮ್ಮ ಸ್ವಭಾವ. ಆದರೆ ಸಕ್ಕರೆ ಕಾಯಿಲೆಯವರ ಮನೆಯಲ್ಲಿರುವ ಗ್ಲುಕೋಮೀಟರಿಗೂ ‘ಕಂಟ್ರೋಲ್ ದ್ರಾವಣ’ ಎಂಬುದಿದೆ. ಅದರಲ್ಲಿ ಸಕ್ಕರೆ ಎಷ್ಟಿದೆ ಎಂಬುದು ಮೊದಲೇ ಗೊತ್ತಿರುತ್ತದೆ. ಯಂತ್ರ ಅಷ್ಟನ್ನೇ ತೋರಿಸಿದರೆ ಯಂತ್ರ ಸರಿಯಿದೆ ಎಂದು ಅರ್ಥ. ಅದೂ ಒಂದು ಸಾಕ್ಷಿಯೇ.

ಮಾಡಿ ನೋಡಿ

ಶಿಕ್ಷಕರ ನೆರವಿನಿಂದ ಮುಳ್ಳುಸೌತೆಯ ಒಂದು ಹೋಳಿಗೆ ಅಯೋಡಿನ್ ದ್ರಾವಣದ ಒಂದು ಹನಿ ಹಾಕಿ. ಬಣ್ಣ ನೀಲಿಗಪ್ಪಾಗಲಿಲ್ಲ. ‘ಪಿಷ್ಟ ಇಲ್ಲ’ ಎಂದು ಬರೆದುಬಿಡುತ್ತೀರಾ? ತಡೆಯಿರಿ! ಅಯೋಡಿನ್ ಹಳತಾಗಿ ಕೆಟ್ಟಿದ್ದರೆ? ಅದೇ ಬಾಟಲಿಯಿಂದ ಒಂದು ಹನಿಯನ್ನು ಕುಚ್ಚಲಕ್ಕಿ ಅನ್ನದ ಅಗುಳಿಗೆ ಹಾಕಿ. ಅಗುಳು ನೀಲಿಗಪ್ಪಾದರೆ ಮಾತ್ರ ಮುಳ್ಳುಸೌತೆಯ ಬಗ್ಗೆ ನೀವು ಬರೆದದ್ದಕ್ಕೆ ಬೆಲೆ. ಆ ಅಗುಳೇ ನಿಮ್ಮ ‘ಸಿ’ ಗೆರೆ.

ರೋಗದ ಪರೀಕ್ಷೆಯನ್ನು ಮಾತ್ರ ನೀವಾಗಿಯೇ ಮಾಡಲು ಹೋಗಬೇಡಿ, ಅದು ದೊಡ್ಡವರ ಮತ್ತು ವೈದ್ಯರ ಕೆಲಸ. ಆದರೆ ಕೇಳುವ ಹಕ್ಕು ನಿಮಗಿದೆ. ಮನೆಯಲ್ಲಿ ಯಾರಾದರೂ ಕಾರ್ಡು ನೋಡಿ ‘ಏನೂ ಇಲ್ಲ’ ಎಂದರೆ, ‘ಸಿ ಹತ್ತಿರ ಗೆರೆ ಬಂದಿದೆಯಾ?’ ಎಂದು ಕೇಳಿ. ದೊಡ್ಡವರು ಕೇಳಿಸಿಕೊಳ್ಳದಿದ್ದರೆ ಇನ್ನೊಮ್ಮೆ ಕೇಳಿ. ಅಂದು ನನ್ನ ಮಗಳು ಎರಡನೇ ಸಲ ಕೇಳಿದ್ದರೆ ಎಷ್ಟು ಚೆನ್ನಾಗಿತ್ತು ಎಂದು ನನಗೆ ಈಗಲೂ ಅನ್ನಿಸುತ್ತದೆ.