ಒಂದೇ ಕಾಟಾ, ಹತ್ತು ಅಂಗಡಿ

ಬೀದರಿನ ಗಾಂಧಿ ಗಂಜಿಗೆ ತೊಗರಿ, ಉದ್ದು ತುಂಬಿದ ಲಾರಿ ಬಂದರೆ ತೂಗಲು ಪ್ರತಿ ದಲಾಲಿ ಅಂಗಡಿಗೂ ಪ್ರತ್ಯೇಕ ಕಾಟಾ ಬೇಕಿಲ್ಲ. ಒಂದೇ ಕಾಟಾ ಹತ್ತು ಅಂಗಡಿಗೆ ಸಾಕು. ಆದರೆ ಅದು ಕೆಟ್ಟರೆ ಹತ್ತೂ ಅಂಗಡಿಯ ವ್ಯಾಪಾರ ನಿಂತಿತು.

ಕಂಪ್ಯೂಟರಿನ ಡಿಎಲ್‌ಎಲ್ ಕಡತಗಳೂ ಹೀಗೆಯೇ. ಹಲವು ತಂತ್ರಾಂಶಗಳು ಹಂಚಿಕೊಂಡು ಬಳಸುವ ಕಡತಗಳಿವು. ವಿಂಡೋಸ್ ಎಕ್ಸ್‌ಪಿ ಜೊತೆ 2001ರಲ್ಲಿ ಬಂದ ಔಟ್‌ಲುಕ್ ಎಕ್ಸ್‌ಪ್ರೆಸ್ 6 ಎಂಬ ಇ-ಮೇಲ್ ತಂತ್ರಾಂಶ ಎಂಎಸ್‌ಒಇ, ಇನೆಟ್‌ಕಾಮ್ ಎಂಬ ಡಿಎಲ್‌ಎಲ್‌ಗಳನ್ನು ನೆಚ್ಚಿಕೊಂಡಿತ್ತು. ಇವು ಕೆಟ್ಟರೆ ಮೇಲ್ ತೆರೆಯದು.

ಮನೆಯ ಹಳೆಯ ಯಂತ್ರದಲ್ಲಿ ಹೀಗಾದರೆ, ಇಷ್ಟು ವರ್ಷದ ಪತ್ರಗಳೆಲ್ಲ ಹೋದವೆಂದು ಗಾಬರಿ ಬೇಡ. ಪತ್ರಗಳಿರುವುದು ಡಿಬಿಎಕ್ಸ್ ಎಂಬ ಬೇರೆ ಕಡತಗಳಲ್ಲಿ. ಕಾಟಾ ಕೆಟ್ಟಿತೆಂದು ಗೋದಾಮಿನ ಕಾಳು ಹಾಳಾಗುವುದಿಲ್ಲವಷ್ಟೆ!

ಮೊದಲು ಡಿಬಿಎಕ್ಸ್ ಕಡತಗಳನ್ನು ಪೆನ್‌ಡ್ರೈವಿಗೆ ನಕಲು ಮಾಡಿಕೊಳ್ಳಬೇಕು. ಆಮೇಲೆ ವಿಂಡೋಸ್ ಸಿ.ಡಿ. ಹಾಕಿ, ಎಸ್‌ಎಫ್‌ಸಿ ಎಂಬ ಸೌಲಭ್ಯದಿಂದ ಮೂಲ ಡಿಎಲ್‌ಎಲ್ ಅನ್ನು ಮರಳಿ ಕೂರಿಸಬಹುದು. ಅಂತರ್ಜಾಲದಲ್ಲಿ ಪುಕ್ಕಟೆ ಸಿಗುವ ಡಿಎಲ್‌ಎಲ್ ಮಾತ್ರ ಬೇಡ. ಅದರೊಳಗೆ ವೈರಸ್ ಅಡಗಿರಬಹುದು. ಎಕ್ಸ್‌ಪಿಗೆ ಮೈಕ್ರೋಸಾಫ್ಟ್ ಬೆಂಬಲವೂ 2014ರ ಏಪ್ರಿಲ್ 8ಕ್ಕೇ ಮುಗಿದಿದೆ. ಆದ್ದರಿಂದ ಆ ಯಂತ್ರವನ್ನು ಅಂತರ್ಜಾಲಕ್ಕೆ ಜೋಡಿಸದೆ, ಹಳೆಯ ಪತ್ರ ಓದಲಷ್ಟೇ ಇಟ್ಟುಕೊಳ್ಳುವುದು ಮೇಲು.